ಬೇಕಂತಲೇ ತಪ್ಪಿದ ಪರೀಕ್ಷೆ

ಎಲ್ರಾಯ್‌ನನ್ನು ಮೊದಲು ಕಂಡಾಗ ಅವನ ಬಾಯಿತುಂಬ ರಕ್ತ. ತೋಳು ಭುಜದಿಂದ ಕಳಚಿ ನೇತಾಡುತ್ತಿತ್ತು. ನಾನು ಅವನ ರಗ್ಬಿ ಲೀಗ್ ಕ್ಲಬ್ಬಿಗೆ ಹೊಸದಾಗಿ ಸೇರಿದ ಫಿಸಿಯೋ. ಅವನು ಫಾರ್ವರ್ಡ್. ಚೆಂಡು ಹಿಡಿದು ಎದುರಾಳಿಗಳ ಸಾಲಿಗೆ ನುಗ್ಗಿ ಡಿಕ್ಕಿ ಹೊಡೆಯುವುದೇ ಅವನ ಸಂಬಳದ ಕೆಲಸ.

ಡಾಕ್ಟರು ಅವನನ್ನು ಅದುಮಿ ಹಿಡಿದರು, ನಾನು ತೋಳು ಎಳೆದೆ. ಕಟಕ್ ಅಂತು, ಕೀಲು ಕೂತಿತು.

"ಏನ್ ಗೂಳಿ ಇದ್ದಾನವ್ವಾ ಇಂವಾ," ಎಂದು, ಈ ಪರದೇಶದಲ್ಲಿ ಯಾರಿಗೆ ತಿಳಿದೀತು ಅಂತ ಕನ್ನಡದಲ್ಲೇ ಗೊಣಗಿದೆ.

ರಕ್ತದ ಹಲ್ಲು ಬಿಟ್ಟು ನಕ್ಕ. "ನಂಗೆ ಕನ್ನಡ ಗೊತ್ತುಂಟು ಮಾರಾಯ್ತಿ. ನಮ್ಮ ಊರು ಶಿರ್ವ. ಸ್ವಲ್ಪ ಮೆಲ್ಲ ಬೈಯಿ."

ಅಲ್ಲಿಗೆ ನಾನು ಕೆಟ್ಟೆ.

ಮುಂದೆ ಅವನ ಮೂಗು ಮುರಿಯಿತು, ಪಕ್ಕೆಲುಬು ಬಿರುಕುಬಿಟ್ಟಿತು, ಯಾರದೋ ಮೊಣಕೈ ಬಡಿದು ಹುಬ್ಬು ಬಿರಿಯಿತು. ಅವನೇನು ಕಡಿಮೆಯೇ? ಒಬ್ಬನ ದವಡೆ ಪುಡಿಮಾಡಿ, ಇನ್ನೊಬ್ಬನನ್ನು ಸ್ಟ್ರೆಚರಿನಲ್ಲಿ ಕಳಿಸಿದ. ನಾನು ಐಸ್ ಒತ್ತುವಾಗ ಮಾತ್ರ ರೆಪ್ಪೆ ಮಿಟುಕಿಸದೆ ನನ್ನನ್ನೇ ನೋಡುವನು.

"ಕಣ್ ಮುಚ್ಚು."

"ನೋವಿಗೆ ಇದೇ ಮದ್ದಲ್ವಾ."

ಸಿಟ್ಟು, ನಾಚಿಕೆ ಎರಡೂ ಒಟ್ಟಿಗೇ ಬರುತ್ತಿದ್ದವು ನನಗೆ.

ಕೊನೆಗೊಂದು ದಿನ, ಎದುರಾಳಿಗಳು ಹಿಡಿದು ಕೆಡವಿದ ಟ್ಯಾಕಲ್‌ನಲ್ಲಿ ಅವನ ತಲೆ ನೆಲಕ್ಕೆ ಅಪ್ಪಳಿಸಿತು. ಕೈಕಾಲು ಸೆಟೆದು, ಎಚ್ಚರ ತಪ್ಪಿತು. ತಲೆಗೆ ಇನ್ನೊಂದು ಪೆಟ್ಟು ಬಿದ್ದರೆ ಜೀವಕ್ಕೇ ಅಪಾಯ ಅಂದರು ಡಾಕ್ಟರು. ಆಟ ಅಲ್ಲಿಗೆ ಮುಗಿಯಿತು. ಇಬ್ಬರೂ ಕೊಲಿಂಡೇಲ್‌ನಲ್ಲಿ ಫ್ಲ್ಯಾಟ್ ಹಿಡಿದೆವು. ಪಕ್ಕದ ಹ್ಯಾರೋದಲ್ಲಿರುವ ನಮ್ಮಪ್ಪ, "ಹೊಡದಾಡೂದು ಬಿಟ್ಟಾನಲ್ಲ, ಆಗ್ಲಿ ಬಿಡು," ಎಂದು ಮದುವೆಗೂ ಒಪ್ಪಿದರು.

ಕಳೆದ ಭಾನುವಾರ ಚರ್ಚಿನಿಂದ ಬಂದವನು ಶೂ ಬಿಚ್ಚುತ್ತ ಹೇಳಿದ: "ಸಣ್ಣ ಕ್ಲಬ್ಬೊಂದು ಕರೆದಿದೆ. ಮತ್ತೆ ಆಡ್ತೇನೆ. ನಾಳೆ ತಲೆಯ ಟೆಸ್ಟ್ ಉಂಟು, ಪ್ರಾಕ್ಟೀಸ್ ಮಾಡಿಸು."

ಸೀಸನ್ನಿಗೆ ಮೊದಲು ಎಲ್ಲರಿಗೂ ಈ ಟೆಸ್ಟ್. ಕೆಲವು ಪದ ಓದುತ್ತಾರೆ, ನೆನಪಿಟ್ಟು ತಿರುಗಿ ಹೇಳಬೇಕು. ತಲೆಗೆ ಪೆಟ್ಟು ಬಿದ್ದ ದಿನ ಮತ್ತೆ ಕೇಳಿ, ಮೊದಲಿನ ಅಂಕಕ್ಕೆ ಹೋಲಿಸುತ್ತಾರೆ. ಕೆಲವರು ಮೊದಲೇ ಬೇಕಂತ ತಪ್ಪು ಹೇಳಿಬಿಡುತ್ತಾರೆ. ಆಮೇಲೆ ಪೆಟ್ಟು ಬಿದ್ದರೂ ಅಂಕ ಇಳಿದದ್ದು ಕಾಣುವುದಿಲ್ಲ, ಮೈದಾನಕ್ಕೆ ಮರಳಬಹುದು.

ಬೇಡವೆಂದರೂ ಅವನು ಕೇಳಲಿಲ್ಲ. ಹಲ್ಲು ಕಚ್ಚಿಕೊಂಡು ಓದಿದೆ. "ಚೇರ್, ಲೆಮನ್, ರಿವರ್, ಬ್ಲ್ಯಾಂಕೆಟ್, ಬೆಲ್."

"ಚೇರ್, ಬೆಲ್." ಕಣ್ಣು ಹೊಡೆದ. "ಉಳಿದದ್ದು ಬೇಕಂತಲೇ ಬಿಟ್ಟೆ."

"ಕಳ್ಳ. ಈಗ ಖರೇನ ಹೇಳು."

ಮತ್ತೆ ಓದಿದೆ.

"ಚೇರ್," ಎಂದ. ತುಟಿ ಅಲುಗಿತು. "ಚೇರ್..."

ಮುಂದೆ ಏನೂ ಬರಲಿಲ್ಲ.

ಅವನು ಎದ್ದು ಅಡುಗೆಮನೆಯ ಬಾಗಿಲಿಗೆ ಗುದ್ದಿದ. ಹಲಗೆ ಸೀಳಿತು. ಮತ್ತೆ ಗುದ್ದಿದ, ಮತ್ತೆ ಮತ್ತೆ. ಗೆಣ್ಣಿನ ಚರ್ಮ ಕಿತ್ತು ಗೋಡೆಗೆ ರಕ್ತ ಸಿಡಿಯಿತು. ತಡೆಯಲು ಹೋದೆ. ಬೀಸಿದ ಮೊಣಕೈ ನನ್ನ ಬಾಯಿಗೆ ಬಡಿಯಿತು. ಫ್ರಿಜ್ಜಿಗೆ ಒರಗಿ ಕುಸಿದೆ.

ನನ್ನ ಒಡೆದ ತುಟಿ ಕಂಡು ಅವನು ಮೊಣಕಾಲೂರಿದ. ಮುಟ್ಟಲು ಬಂದ ಕೈಯನ್ನು ತಾನೇ ಹಿಂದೆ ಎಳೆದುಕೊಂಡ.

"ನೀನು ತರ್ಲಿಕ್ಕೆ ಹೇಳಿದ್ದು ಅಂಗಡಿಗೆ ಹೋಗುವಷ್ಟರಲ್ಲಿ ಮರೆತುಹೋಗ್ತದೆ, ಸೌಜನ್ಯಾ. ಮೈದಾನದಲ್ಲಿ ಮಾತ್ರ ಎಂತ ಮಾಡ್ಬೇಕಂತ ನಂಗೆ ಗೊತ್ತುಂಟು. ಹೆದರಿಕೆ ಆಗ್ತದೆ. ನಾಳೆ ನಿನ್ನ ಹೆಸರೇ ಮರೆತರೆ?"

ಅವನ ಮೇಲೆ ಪ್ರೀತಿ ಉಕ್ಕಿ ಬಂತು. ಸಿಟ್ಟೂ ಅಷ್ಟೇ ಇತ್ತು.

"ಮರ್ತ್ರ ಹೇಳ್ತೀನಿ. ದಿನಾ ಕೇಳಿದ್ರೂ ಹೇಳ್ತೀನಿ. ಆದ್ರ ನೀ ಮತ್ತ ಆಡಾಕ ಹೋದ್ರ, ಇಲ್ಲಾ ಇನ್ನೊಮ್ಮೆ ನನಗ ನಿನ್ನ ಕೈ ಬಡೀತಂದ್ರ, ಹೇಳಾಕ ನಾ ಇರೂದಿಲ್ಲ."

ಅವನು ಫೋನ್ ತೆಗೆದು ನನಗೆ ಕೇಳುವಂತೆ ಸ್ಪೀಕರಿಗೆ ಹಾಕಿದ. ಹೊಸ ಕೋಚ್‌ಗೆ ಇಂಗ್ಲಿಷಿನಲ್ಲಿ ಹೇಳಿದ: ನಾನು ಆಡಲಾರೆ, ನೆನಪು ನಿಲ್ಲುತ್ತಿಲ್ಲ.

ಕೋಚ್ ನಕ್ಕ. "ಭೇಷ್. ಈ ಮರೆವಿನ ನಾಟಕ ನಾಳೆ ಟೆಸ್ಟಿನಲ್ಲಿ ಡಾಕ್ಟರ ಮುಂದೆ ಆಡು."

"ನಾಟಕ ಅಲ್ಲ," ಎಂದ ಎಲ್ರಾಯ್.

ಆ ಕಡೆಯ ನಗು ನಿಂತಿತು. ನಾನು ಅವನ ಹರಿದ ಕೈಯನ್ನು ಮಡಿಲಿಗೆ ಎಳೆದುಕೊಂಡೆ.