ಸೈರಕಾನಳ ಎಣ್ಣೆಗೈ

ಬಿಷ್ಕೆಕ್ಕಿನ ಆರ್ಕೆಸ್ಟ್ರಾದಲ್ಲಿ ಮೂವತ್ತೊಂದು ವರ್ಷ ಚೆಲ್ಲೋ ನುಡಿಸಿ ನನ್ನ ಭುಜ ಸವೆದಿದೆ, ಸಂಜೆ ಮಕ್ಕಳಿಗೆ ಪಾಠ ಹೇಳಿ ಗಂಟಲೂ. ನನಗೂ ಪಕ್ಕದಲ್ಲಿ ಚೆಲ್ಲೋ ನುಡಿಸುತ್ತಿದ್ದ ಸೈರಕಾನಳಿಗೂ ಸ್ವರದ ಪುಸ್ತಕ ಇಡೋಕೆ ಒಂದೇ ಸ್ಟ್ಯಾಂಡು. ಒಳಗಡೆ ಕೂತವರು ಪುಟ ತಿರುಗಿಸಬೇಕು, ಅಂದರೆ ಅವಳು. ಎಣ್ಣೆಯಲ್ಲಿ ಕರಿದ ಹಿಟ್ಟಿನುಂಡೆ ಬೋರ್ಸೋಕ್ ತಿಂದ ಕೈಯಲ್ಲೇ ತಿರುಗಿಸೋಳು.

"ಕೈ ಒರೆಸ್ಕೊಳ್ಳೇ, ಮಾರಾಯ್ತಿ!"

"ನಾನು ಸತ್ಮೇಲೆ ಈ ಕಲೆ ನೋಡ್ಕೊಂಡು ಅಳ್ತೀಯ, ಬಿಡು."

ಸೆಪ್ಟೆಂಬರಿನಲ್ಲಿ ಸತ್ತೇಹೋದಳು. ಪಕ್ಕದ ಕುರ್ಚಿಗೆ ಇನ್ನೂ ಯಾರನ್ನೂ ಹಾಕಿಲ್ಲ. ಸತ್ತವರಿಗಾಗಿ ನಾವು ಪ್ರತಿ ಗುರುವಾರ ಬೋರ್ಸೋಕ್ ಕರಿಯುತ್ತೇವೆ. ಕರಿದ ವಾಸನೆಯೇ ಅವರ ಊಟ. ಅವಳಿಗೆ ಹಿಂದೆಮುಂದೆ ಯಾರೂ ಇಲ್ಲವೆಂದು ನಾನೇ ಕರಿಯುತ್ತಿದ್ದೆ. ಮೊನ್ನೆ ಗುರುವಾರ ಮಾತ್ರ ಪಾಠ ಮುಗಿಸುವಷ್ಟರಲ್ಲಿ ಸಾಕಾಗಿ, ಒಲೆ ಹಚ್ಚದೆ ಮಲಗಿಬಿಟ್ಟೆ.

ಶುಕ್ರವಾರ ಬೆಳಿಗ್ಗೆ ಅಭ್ಯಾಸದಲ್ಲಿ ಪುಟ ಮುಗಿಯಿತು. ನಾನು ಸುಮ್ಮನೆ ಕಾಯುತ್ತ ಕೂತೆ.

"ಏನಕ್ಕಾ, ಪುಟ ತಿರುಗ್ಸೋಕೆ ಆಳು ಕರೆಸ್ಲಾ?" ನಿರ್ದೇಶಕ ಮೆಲಿಸ್ ರೇಗಿದ. ಎಲ್ಲರೂ ನಕ್ಕರು.

ಅವಳು ಹೋಗಿ ಹನ್ನೊಂದು ವಾರ. ಅಲ್ಲಿಯತನಕ ನಾನು ಒಂದು ಪುಟವನ್ನೂ ತಿರುಗಿಸಿರಲಿಲ್ಲ ಎಂಬುದು ಆಗ ಹೊಳೆಯಿತು.

ನಾನೇ ಕೈ ಚಾಚಿದೆ. ಪುಸ್ತಕ ಹೊಸದು, ಹೋದ ವಾರ ಬಂದದ್ದು. ಆಗಲೇ ತಿರುಗಿದ್ದ ಹಾಳೆಗಳ ಮೂಲೆಯಲ್ಲೆಲ್ಲ ಎಣ್ಣೆಯ ಹೆಬ್ಬೆಟ್ಟಿನ ಗುರುತಿತ್ತು.