ನಡುಗೋಡೆಯ ಮೂರು ಬಡಿತ

ಎಪ್ಪತ್ತೆರಡನೇ ಇಸವಿಯಲ್ಲಿ ನಾವು ಮುಂಬಯಿಯ ಘಾಟ್ಕೋಪರಿನ ಚಾಳೊಂದರ ಕೊನೆಯ ಖೋಲಿಯಲ್ಲಿದ್ದೆವು. ಪಕ್ಕದ ಖೋಲಿಯಲ್ಲಿ ಉಡುಪಿ ಕಡೆಯ ಅಕ್ಕು, ಹೋಟೆಲಿನಲ್ಲಿ ದುಡಿಯುವ ಅವಳ ಗಂಡ ಚೆನ್ನಯ. ಅಂಗಳದ ನಲ್ಲಿಗೆ ನೀರು ಯಾವಾಗ ಬರುವುದೆಂದು ಹೇಳುವಂತಿರಲಿಲ್ಲ. ಮೊದಲು ಸದ್ದು ಕೇಳಿದವಳು ನಡುಗೋಡೆಯನ್ನು ಮೂರು ಸಲ ಬಡಿಯಬೇಕೆಂದು ನಾನೂ ಅಕ್ಕುವೂ ಮಾತಾಡಿಕೊಂಡಿದ್ದೆವು.

ಒಂದು ಬೆಳಿಗ್ಗೆ ಚೆನ್ನಯ ಬಾಗಿಲಿಗೆ ಬೀಗ ಹಾಕುತ್ತ, "ಅಕ್ಕುವನ್ನು ಹೆರಿಗೆಗೆ ಊರಿಗೆ ಕಳಿಸಿದೆ, ಹಾಲವ್ವಕ್ಕ" ಎಂದ. ನನಗೊಂದು ಮಾತೂ ಹೇಳದೆ ಹೋದಳಲ್ಲ ಎಂದು ಸಿಟ್ಟು ಬಂತು.

ಆ ಮಧ್ಯಾಹ್ನ ಗೋಡೆ ಬಡಿದ ಸದ್ದಾಯಿತು. ಹೊರಗೆ ನಲ್ಲಿ ಸುರಿಯುತ್ತಿತ್ತು. ದಿನವೂ ಹೀಗೇ ಆಯಿತು. ಮುಟ್ಟಿದರೆ ಗೋಡೆ ಜ್ವರ ಬಂದ ಮೈಯಂತೆ ಬಿಸಿಯಾಗಿರುತ್ತಿತ್ತು.

"ಮಂದಿ ಮನಿ ಉಸಾಬರಿ ನಮಗ್ಯಾಕ?" ಎಂದ ನನ್ನ ಗಂಡ.

ತಿಂಗಳ ಮೇಲೆ, ನಾನು ಬಜಾರಿಗೆಂದು ನಮ್ಮ ಖೋಲಿಗೆ ಬೀಗ ಹಾಕುತ್ತಿದ್ದಾಗ ಅಕ್ಕುವಿನ ತಾಯಿ ಬಂದಳು. ಅಕ್ಕು ಊರಿಗೆ ಹೋದಳಲ್ಲ ಎಂದೆ.

"ಅವಳು ಊರಿಗೆ ಬರಲೇ ಇಲ್ಲ ಮಾರಾಯ್ತಿ. ಹೆರಿಗೆಗೆ ಕರ್ಕೊಂಡು ಹೋಗ್ಲಿಕ್ಕೆ ನಾನೇ ಬಂದದ್ದಲ್ವಾ?"

ಚಾಳಿನವರು ಸೇರಿ ಚೆನ್ನಯನ ಬೀಗ ಒಡೆದರು. ಒಳಗೆ ಯಾರೂ ಇರಲಿಲ್ಲ. ನಡುಗೋಡೆಗೆ ಕೈ ಇಟ್ಟೆ. ಈ ಕಡೆಯಿಂದ ಅದು ತಣ್ಣಗಿತ್ತು. ಆಗಲೇ ಮೂರು ಬಡಿತ ಕೇಳಿತು, ನನ್ನ ಖೋಲಿಯ ಕಡೆಯಿಂದ. ಕೀಲಿ ನನ್ನ ಸೊಂಟದಲ್ಲಿತ್ತು. ಅಂಗಳದಲ್ಲಿ ನಲ್ಲಿ ಸುರಿಯತೊಡಗಿತು.

ಚೆನ್ನಯ ಮತ್ತೆ ಆ ಕಡೆ ಸುಳಿಯಲಿಲ್ಲ. ನಾನು ಎಲ್ಲಿಗೆ ಹೋಗಲಿ? ಮುಂಬಯಿಯಲ್ಲಿ ನಮಗಿದ್ದದ್ದು ಅದೊಂದೇ ಖೋಲಿ. ಅಲ್ಲೇ ಇನ್ನೂ ಎಷ್ಟೋ ವರ್ಷ ಬಾಳುವೆ ಮಾಡಿದೆ. ನೀರು ಬಂದದ್ದನ್ನು ಅಕ್ಕು ಒಂದು ದಿನವೂ ಹೇಳದೆ ಬಿಡಲಿಲ್ಲ.