ಕುಸಾಕಾನ ಅಳತೆಯ ಕಾರು

ಗೊಟೆಂಬಾದ ನಮ್ಮ ಶೆಡ್ಡಿನಲ್ಲಿ, ಜಪಾನಿನ ಚಾಂಪಿಯನ್‌ಶಿಪ್ಪಿಗೆಂದು ಚಕ್ರಗಳು ಹೊರಗೇ ಇರುವ ರೇಸ್ ಕಾರನ್ನು ವಿನ್ಯಾಸ ಮಾಡಿದವನು ನಾನು. ದೆವ್ವಗಿವ್ವ ನಂಬುವವನಲ್ಲ. ಮಾಡಿದ ತಪ್ಪು ಒಂದೇ. ಚಾಲಕರು ಕೂರುವ ಗೂಡನ್ನು ಹೊಸದಾಗಿ ಬಿಡಿಸಲು ಬೇಜಾರಾಗಿ, ಹಿಂದಿನ ವರ್ಷ ಅಪಘಾತದಲ್ಲಿ ತೀರಿಕೊಂಡ ನಮ್ಮ ಚಾಲಕ ಕುಸಾಕಾನ ಮೈಯಳತೆಯನ್ನೇ ನಕ್ಷೆಯಲ್ಲಿ ಉಳಿಸಿಕೊಂಡೆ.

ಚಾಲಕರನ್ನು ಗೂಡಿನಲ್ಲಿ ಕೂರಿಸಿ, ಬೆನ್ನ ಹಿಂದೆ ಫೋಮ್ ಸುರಿದು ಸೀಟಿನ ಅಚ್ಚು ತೆಗೆಯುತ್ತೇವೆ. ಹೊಸ ಚಾಲಕಿ ಮಿನೆಗಿಶಿ ಒಳಗಿಳಿದು ಹುಬ್ಬೇರಿಸಿದಳು.

"ಸಾರ್, ನನಗಿಂತ ಮುಂಚೆ ಯಾರು ಕೂತಿದ್ರು? ಬೆನ್ನೆಲ್ಲಾ ಬೆಚ್ಚಗಿದೆ."

"ಫೋಮ್ ಗಟ್ಟಿಯಾಗೋವಾಗ ಹಾಗೇ ಕಣಮ್ಮ," ಎಂದೆ.

ಮುದಿ ಮೆಕ್ಯಾನಿಕ್ ಇವಾಕಿರಿ ಕೈಯಲ್ಲಿದ್ದ ಡಬ್ಬಿ ತೋರಿಸಿದ. "ಏನ್ ಸ್ವಾಮಿ, ನಾನಿನ್ನೂ ಸುರಿದೇ ಇಲ್ವಲ್ಲ!"

ಮಧ್ಯಾಹ್ನ ಖಾಲಿ ಕಾರನ್ನು ತೂಗಿದೆವು. ನಕ್ಷೆಯ ತೂಕಕ್ಕಿಂತ ಅರವತ್ಮೂರು ಕಿಲೋ ಹೆಚ್ಚಿತ್ತು. ಕುಸಾಕಾ ಇದ್ದದ್ದೇ ಅರವತ್ಮೂರು ಕಿಲೋ. ತೂಕದ ಯಂತ್ರವನ್ನೇ ಬದಲಿಸಿದೆವು, ಅಂಕಿ ಬದಲಾಗಲಿಲ್ಲ.

ಇವಾಕಿರಿ ಟೋಪಿ ತೆಗೆದು ಕಾರಿಗೆ ಬಾಗಿದ. ಮೊದಲೆಲ್ಲ ದಿನವೂ ಹೇಳುತ್ತಿದ್ದ ಧಾಟಿಯಲ್ಲೇ, "ಕುಸಾಕಾ, ಸ್ವಲ್ಪ ಇಳಿಯಪ್ಪಾ. ತೂಕ ನೋಡ್ಬೇಕು," ಎಂದ.

ಯಾರೋ ಇಳಿದಾಗ ಏಳುವಂತೆ ಕಾರು ಕೂದಲೆಳೆಯಷ್ಟು ಮೇಲೆದ್ದಿತು. ಅಂಕಿ ಸರಿಹೋಯಿತು.

ಮರುದಿನ ಮಿನೆಗಿಶಿ ಬರುವ ಮುಂಚೆ ಮತ್ತೆ ತೂಗಿದೆವು. ಅರವತ್ಮೂರು ಹೆಚ್ಚಿತ್ತು.